ಕಂಬಳಿ ಗದ್ದಿಗೆಯಾದ ದಿನ

ಹೇಳು ನೋಡಾನ ಮಗಾ, ಊರಿಗೆ ಊರೇ ಕಣ್ಣು ಬಿಟ್ಟುಕೊಂಡು ನೋಡುತ್ತಿರುವಾಗ ಹೊಸ ದೊರೆ ಬೆಳ್ಳಿ ಗದ್ದಿಗೆಯ ಮೂರು ಮೆಟ್ಟಿಲು ಹತ್ತಿ, ಮೀಸೆ ತೀಡಿಕೊಂಡು, ಹೀಗೆ ಗತ್ತಿನಿಂದ ಕೂತ. ಕೂತ ಗಳಿಗೆಗೆ ಏನಾಯ್ತು? ಹೂಮಳೆ ಸುರೀತಾ? ಉಹೂಂ. ಆನೆ ಘೀಳಿಟ್ಟಿತಾ? ಅದೂ ಅಲ್ಲ. ಯೋಚನೆ ಮಾಡ್ತಾ ಇರು, ಅಷ್ಟರಲ್ಲಿ ಕಾಲು ಒಳಗೆ ಎಳ್ಕೊ, ಚಳಿಯಾಗುತ್ತೆ.

ಇವತ್ತು ನಿಮ್ಮತ್ತೆಯ ಮದುವೆ ಮಾತಿಗೆ ಅಂತ ನೆಂಟರು ಬಂದಾಗ ನಡುಮನೆಯಲ್ಲಿ ನಾಲ್ಕು ಮಡಿಕೆ ಮಾಡಿ ಕಂಬಳಿ ಹಾಸಿದ್ವಲ್ಲ, ಅದನ್ನ ನೀನು ಚಪ್ಪಲಿ ಕಾಲಲ್ಲಿ ತುಳಕೊಂಡು ಓಡಿದೆ, ನಿಮ್ಮ ತಾತ ಹೌಹಾರಿ, ಅಯ್ಯೋ ಗದ್ದಿಗೆ ತುಳಿದಳು, ಗದ್ದಿಗೆ ತುಳಿದಳು ಅಂತ ಕೂಗಿಕೊಂಡರು. ನೀನೋ, ಮೂತಿ ಊದಿಸ್ಕೊಂಡು, ಗದ್ದಿಗೆ ಅಂದ್ರೆ ದೊರೆ ಕೂರೋದು, ಇದು ಬರೀ ಕಂಬಳಿ ಅಂದೆ. ದೊರೆ ಕೂರೋದೂ ಗದ್ದಿಗೆಯೇ ಕಣೇ ತಾಯಿ, ದೊಡ್ಡ ಸ್ವಾಮಿಗಳು ಐಕ್ಯ ಆದ ಜಾಗಕ್ಕೂ ಗದ್ದಿಗೆ ಅಂತಾರೆ, ದೇವರನ್ನ ಕೂರಿಸೋ ಜಾಗವೂ ಗದ್ದಿಗೆ. ಹಾಗಿದ್ದಮೇಲೆ ನಮ್ಮ ನಾಲ್ಕು ಮಡಿಕೆ ಕಂಬಳಿಗೆ ಅಂಥಾ ದೊಡ್ಡ ಹೆಸರು ಹೆಂಗೆ ಬಂತು ಅಂತೀಯ? ಅದೇ ಕತೆ. ಹೂಂಗುಟ್ಟು ಮತ್ತೆ, ಇಲ್ಲದಿದ್ರೆ ನಾನೇ ನಿದ್ದೆ ಹೋಗಿಬಿಡ್ತೀನಿ.

ಒಂದಾನೊಂದು ಕಾಲದಲ್ಲಿ, ಅಂದ್ರೆ ನಮ್ಮಜ್ಜಿಯ ಅಜ್ಜಿಗೆ ಅವರಜ್ಜಿ ಹೇಳೋ ಹೊತ್ತಿಗೇ ಹಳೇದಾಗಿ ಹೋಗಿದ್ದ ಕಾಲದಲ್ಲಿ, ಬೊಮ್ಮನಗುಡ್ಡ ಅಂತ ಒಂದು ಪಾಳೆಯಪಟ್ಟು ಇತ್ತಂತೆ. ಗುಡ್ಡದ ಮೇಲೆ ಕೋಟೆ, ಕೋಟೆ ಕೆಳಗೆ ಪೇಟೆ, ಪೇಟೆ ದಾಟಿದರೆ ಕಣ್ಣು ಹಾಯೋ ತನಕ ಹುಲ್ಲುಗಾವಲು, ಅದರ ನಡುವೆ ಕುರುಬರ ಹಟ್ಟಿ. ಆ ಹಟ್ಟಿಯಲ್ಲಿ ಮಾಳವ್ವ ಅಂತ ಒಬ್ಬಳು ಹೆಣ್ಣುಮಗಳು, ಅವಳ ಗಂಡ ಜಡೆಯಪ್ಪ. ಅವಳು ರಾಟೆ ತಿರುಗಿಸಿ ಉಣ್ಣೆ ನೂತರೆ ಎಳೆ ಜೇನಿನ ಹಾಗೆ ಇಳೀತಿತ್ತಂತೆ, ಅವನು ಗುಂಡಿಮಗ್ಗದಲ್ಲಿ ಕೂತು ನೇಯ್ದರೆ ಆ ಕಂಬಳಿಯಲ್ಲಿ ಮಳೆನೀರು ಹಿಡಿದಿಡಬಹುದಿತ್ತಂತೆ, ಒಂದು ತೊಟ್ಟೂ ಕೆಳಗೆ ಸೋರ್ತಿರಲಿಲ್ಲ. ಕುರಿ ಇದ್ವು, ಹಾಲಿತ್ತು, ಹೊಟ್ಟೆ ತುಂಬ ರಾಗಿಮುದ್ದೆ ಇತ್ತು. ತೊಟ್ಟಿಲು ಮಾತ್ರ ತೂಗಲಿಲ್ಲ.

ಆಮೇಲೆ ಮಾಳವ್ವ ಬೀರದೇವರಿಗೆ ಹರಕೆ ಹೊತ್ತಳು. ನನ್ನ ಮಡಿಲು ತುಂಬಿಸಪ್ಪಾ, ಕರಿ ಮರಿಗಳ ಮೊದಲನೇ ಉಣ್ಣೆ ಕತ್ತರಿಸಿ, ಯಾರ ಹೆಗಲಿಗೂ ಬೀಳದ, ಯಾರ ಮೈಗೂ ತಾಗದ ಕಂಬಳಿ ಮಾಡಿ ನಿನ್ನ ಗುಡಿಗೆ ತಂದು ಒಪ್ಪಿಸ್ತೀನಿ ಅಂತ. ದೇವರು ಕೇಳಿಸ್ಕೊಂಡ. ಹೊಟ್ಟೆಯೂ ತುಂಬಿಕೊಳ್ತಾ ಬಂತು, ಮಗ್ಗದ ಮೇಲೆ ಕಂಬಳಿಯೂ ಬೆಳೀತಾ ಬಂತು. ಕಾಡಿಗೆಯಂಥ ಕಪ್ಪು, ಅಂಚಿಗೆ ಹಾಲು ಚೆಲ್ಲಿದ ಹಾಗೆ ಬಿಳೀ ದಡಿ. ನಾವು ಹೊದೆಯೋ ಕಂಬಳಿಗೆ ಹುಣಸೆಬೀಜದ ಗಂಜಿ ತೀಡಿ ಉಣ್ಣೆ ಕೂರಿಸ್ತೀವಲ್ಲ, ಇದಕ್ಕೆ ಅದನ್ನೂ ಮಾಡಲಿಲ್ಲವಂತೆ, ದೇವರ ಕಂಬಳಿಗೆ ಒಲೆಯ ಮೇಲೆ ಬೇಯಿಸಿದ್ದು ಸೋಕಬಾರದು ಅಂತ. ಅದಕ್ಕೇ ಆ ಎಳೇ ಉಣ್ಣೆ ಮರಿಯ ಮೈ ಹಾಗೇ ಜುಮ್ಮನೆ ಎದ್ದು ನಿಂತಿತ್ತು, ಕೈ ಸೋಕಿದರೆ ಕೈಗೇ ಬರ್ತಿತ್ತು.

ಅದೇ ಹೊತ್ತಿಗೆ ಕೋಟೆಯಲ್ಲಿ ಹಳೇ ದೊರೆ ತೀರಿಕೊಂಡು, ಮೊಮ್ಮಗ ಬಿಲ್ಲಪ್ಪ ನಾಯಕನಿಗೆ ಪಟ್ಟ ಅಂತ ಡಂಗುರ ಸಾರಿದರು. ಜೋಯಿಸರು ದಿನ ಇಟ್ಟರು. ಅದು ಎಂಥಾ ದಿನ ಅಂದ್ರೆ, ಅವತ್ತು ಏನಾಗುತ್ತೋ ವರ್ಷವೆಲ್ಲ ಅದೇ ಆಗುತ್ತೆ ಅಂತ ಜನ ನಂಬೋ ದಿನ. ನಕ್ಕರೆ ವರ್ಷವೆಲ್ಲ ನಗು, ಅತ್ತರೆ ವರ್ಷವೆಲ್ಲ ಅಳು. ಯಾವ ದಿನ ಅಂತ ಈಗಲೇ ಕೇಳಬೇಡ, ಅದನ್ನ ಕೊನೆಗೆ ಬೆಲ್ಲದ ಚೂರಿನ ಹಾಗೆ ಕೊಡ್ತೀನಿ.

ಪಟ್ಟದ ದಿನ ಹಟ್ಟಿಯವರು ದೊರೆಗೆ ಒಂದು ಟಗರು ಒಪ್ಪಿಸೋದು ಪದ್ಧತಿ. ಟಗರು ಹಿಡ್ಕೊಂಡು ಜಡೆಯಪ್ಪ ಮುಂದೆ, ದೇವರ ಕಂಬಳಿಯನ್ನ ಬಿಳೀ ಬಟ್ಟೆಯಲ್ಲಿ ಸುತ್ತಿ ತಲೆ ಮೇಲೆ ಹೊತ್ತ ಮಾಳವ್ವ ಹಿಂದೆ. ಕೋಟೆ ಮುಗಿಸ್ಕೊಂಡು ಹಂಗೇ ಗುಡಿಗೆ ಹೋಗಿ ಹರಕೆ ತೀರಿಸೋಣ ಅಂತ ಅವರ ಲೆಕ್ಕಾಚಾರ. ಜೊತೆಗೆ ಗುಡಿಯ ಪೂಜಾರಿ ಹಾಲಜ್ಜನೂ ಇದ್ದ. ಉರಿಬಿಸಿಲು ಅಂತ ಜಡೆಯಪ್ಪ ತನ್ನ ಹಳೇ ಕರಿ ಕಂಬಳಿಯನ್ನ ತಲೆ ಮೇಲೆ ಕೊಪ್ಪೆ ಮಾಡಿ ಮುಸುಕು ಹಾಕ್ಕೊಂಡಿದ್ದ. ಕೋಟೆ ಬಾಗಿಲ ಹತ್ರ ದೊರೆಯ ಮೆರವಣಿಗೆ ಎದುರಾಯ್ತು, ಇವನು ಟಗರಿನ ಸಮೇತ ಬದಿಗೆ ನಿಂತು ಕೈ ಮುಗಿದ. ಅಷ್ಟೇ ಕಣೇ ಅವನು ಮಾಡಿದ್ದು.

ಮೆರವಣಿಗೆಯ ಮುಂದೆ ಪಾರುಪತ್ತೇಗಾರ ಸಂಪಂಗಯ್ಯ. ಗದ್ದಿಗೆ, ಉಗ್ರಾಣ, ಆನೆ ಕುದುರೆ ಎಲ್ಲಾ ಅವನ ಉಸ್ತುವಾರಿ. ಆ ಮನುಷ್ಯನ ಮೈ ನೋಡಬೇಕಿತ್ತಂತೆ, ಎಣ್ಣೆ ಸುರಿದ ಕಲ್ಲಿನ ಬಸವನ ಹಾಗೆ ಫಳಫಳ! ಅವನು ಬರೋಕ್ಕಿಂತ ಮೊದಲೇ ಅವನ ವಾಸನೆ ಬರ್ತಿತ್ತು, ಲವಂಗ, ಪಚ್ಚಕರ್ಪೂರ. ಬಸುರಿ ಮಾಳವ್ವ ಸೆರಗು ಮೂಗಿಗಿಟ್ಟುಕೊಂಡಳು. ಇದೇನವ್ವಾ, ಇಷ್ಟು ಎಣ್ಣೆ ಬಳಕೊಂಡವನು ನೀರು ಹುಯ್ಕೊಳ್ಳೋದು ಮರೆತನಾ ಅಂತ ಗಂಡನ ಕಿವಿಯಲ್ಲಿ ಅಂದಳು. ಸುಮ್ನಿರೇ, ದೊಡ್ಡೋರ ಮೈ, ಒಳಗಿಂದಲೇ ಒಸರುತ್ತೆ ಅಂದ ಅವನು.

ಚಪ್ಪರದಲ್ಲಿ ಬೆಳ್ಳಿ ಗದ್ದಿಗೆ. ಬಿಲ್ಲಪ್ಪ ನಾಯಕ ಇನ್ನೂ ಮೀಸೆ ಚಿಗುರಿದ ಹುಡುಗ. ಕೂರೋಕ್ಕೆ ಮುಂಚೆ ಬಗ್ಗಿ ಗದ್ದಿಗೆಯ ಹತ್ರ ಮೂಗು ತಂದು, ಏನೋ ಹುಡುಕೋನ ಹಾಗೆ ನಿಂತನಂತೆ. ಜನ, ಆಹಾ, ನಮಸ್ಕಾರ ಮಾಡ್ತಿದಾನೆ ಅಂದ್ಕೊಂಡರು. ಆಮೇಲೆ ಮೆಟ್ಟಿಲು ಹತ್ತಿದ. ಕಹಳೆ ಊದಿದರು. ಕೂತ.

ಈಗ ಹೇಳು, ಏನಾಯ್ತು?

ಧಡಾರ್! ಗದ್ದಿಗೆ ಕುಸಿದು ಬಿತ್ತು ಕಣೇ! ಕಾಲು ಮೇಲೆ, ಕಿರೀಟ ಕೆಳಗೆ, ದೊರೆ ಒಳಗೆ! ಕಹಳೆಯವನ ಬಾಯಲ್ಲಿ ಊದಿದ ಗಾಳಿ ಅಲ್ಲೇ ನಿಂತುಹೋಯ್ತು. ಹೆಂಗಸರು ಬಾಯಿ ಮೇಲೆ ಇಟ್ಟ ಕೈ ತೆಗೀಲಿಲ್ಲ. ಎಬ್ಬಿಸಿ ನೋಡಿದರೆ ಒಳಗೆ ಮರವೇ ಇಲ್ಲ! ಹೊರಗೆ ಬೆಳ್ಳಿ ತಗಡು, ಒಳಗೆಲ್ಲ ಗೆದ್ದಲು ತಿಂದ ಮಣ್ಣು, ಬುಸುಬುಸು ಅಂತ ಧೂಳು.

ಎಲ್ಲರೂ ಸಂಪಂಗಯ್ಯನ ಮುಖ ನೋಡಿದರು. ಅವನ ಮುಖ ಒಂದು ಗಳಿಗೆ ಬೂದಿ ಆಯ್ತು, ಮರುಗಳಿಗೆಗೆ ಕೈ ಎತ್ತಿ ಬೆರಳು ತೋರಿಸಿದ, ನೇರ ಜಡೆಯಪ್ಪನ ಕಡೆಗೆ. ಬೆಳಿಗ್ಗೆ ನಾನೇ ಮುಟ್ಟಿ ನೋಡಿದ್ದೆ ಸ್ವಾಮಿ, ಗಟ್ಟಿ ತೇಗ! ಈ ಕರಿ ಕಂಬಳಿಯ ಮುಸುಕು ಎದುರಿಗೆ ಬಂತು ನೋಡಿ, ಅದರ ದೃಷ್ಟಿಗೆ ತೇಗ ಅನ್ನೋದು ಮಣ್ಣಾಗಿಹೋಯ್ತು ಅಂದ. ಜನ ಹೌದೌದು ಅಂದರು. ಬಿದ್ದ ದೊರೆಯನ್ನ ನೋಡೋದಕ್ಕಿಂತ ಬಡವನನ್ನ ನೋಡೋದು ಸುಲಭ ಅಲ್ವಾ. ಆಳುಗಳು ಬಂದು ಜಡೆಯಪ್ಪನ ಕೈ ಹಿಂದಕ್ಕೆ ಕಟ್ಟಿ, ತಲೆ ಮೇಲಿನ ಕಂಬಳಿ ಕಿತ್ತು, ಅಡುಗೆಯವರ ಒಲೆಗೆ ಎಸೆದರು. ಅವನ ಅಪ್ಪ ಹೊದ್ದಿದ್ದ ಕಂಬಳಿ ಅದು. ಸುಟ್ಟ ಉಣ್ಣೆಯ ವಾಸನೆ ಬಂದಾಗ ಮಾಳವ್ವನಿಗೆ ತನ್ನ ಮೈಯೇ ಸುಟ್ಟ ಹಾಗಾಯ್ತಂತೆ, ತಲೆ ಮೇಲಿನ ಗಂಟನ್ನ ಎರಡೂ ಕೈಯಿಂದ ಗಟ್ಟಿಯಾಗಿ ಹಿಡ್ಕೊಂಡಳು.

ಆಮೇಲೆ ಉಗ್ರಾಣದಿಂದ ದೊಡ್ಡ ದೊರೆಸಾನಿಯ ತೂಗುಮಂಚ ತಂದರು. ಹಿತ್ತಾಳೆಯ ಗಿಳಿ, ದಂತದ ಅಂಚು, ನೋಡೋಕ್ಕೆ ಎರಡು ಕಣ್ಣು ಸಾಲದು. ಚಪ್ಪರದ ತೊಲೆಗೆ ಕಟ್ಟಿದರು, ದೊರೆ ಹುಷಾರಾಗಿ, ಮೊದಲು ಕೈ ಊರಿ, ಆಮೇಲೆ ಕೂತ. ಸದ್ಯ, ಗೆದ್ದ ಅಂತ ಜನ ಉಸಿರು ಬಿಡಬೇಕು, ಅಷ್ಟರಲ್ಲಿ ಪಟ್ ಅಂತ ಒಂದು ಹಗ್ಗ, ಪಟ್ ಅಂತ ಇನ್ನೊಂದು! ಇಲಿ ಕಡಿದಿದ್ದ ಹಗ್ಗ ಕಣೇ, ಎಷ್ಟು ಕಾಲದಿಂದ ಯಾರೂ ಬಿಚ್ಚಿ ನೋಡಿರಲಿಲ್ಲ. ದೊರೆ ಜಾರಿ ಹೋಗಿ ಜೋಯಿಸರ ತೊಡೆ ಮೇಲೆ ಕೂತ! ಜೋಯಿಸರು ಹಾಗೇ ಪಂಚಾಂಗದ ಮೇಲೆ ಮಲಗಿದರು. ಎರಡನೇ ಸಲ! ಈ ದಿನ ಎರಡು ಸಲ ಬಿದ್ದ ದೊರೆ ವರ್ಷದಲ್ಲಿ ಎಷ್ಟು ಸಲ ಬಿದ್ದಾನು, ನಮ್ಮ ನಾಡು ಎಷ್ಟು ಸಲ ಬಿದ್ದೀತು ಅಂತ ಮುದುಕಿಯರು ಅಳೋಕ್ಕೆ ಶುರು ಮಾಡಿದರು. ಸಂಪಂಗಯ್ಯ ಕೂಗಿದ, ಕಂಬಳಿ ಸುಟ್ಟರೆ ಸಾಲದು ಸ್ವಾಮಿ, ಇವನ ಕುರಿಹಿಂಡಿನ ಉಣ್ಣೆಯಲ್ಲೇ ಶನಿ ಇದೆ, ಹಿಂಡನ್ನೇ ಎಳತನ್ನಿ!

ಮಾಳವ್ವ ಬಾಯಿ ಬಿಡೋಕ್ಕೆ ಹೋದಳು, ಹಾಲಜ್ಜ ಅವಳ ಮೊಣಕೈ ಹಿಡಿದು, ಸುಮ್ನಿರವ್ವಾ, ನಿನ್ನ ತಲೆ ಮೇಲೆ ದೇವರಿದ್ದಾನೆ ಅಂದ. ಅವಳು ಗಂಟು ಸರಿ ಮಾಡ್ಕೊಂಡಳು. ದೇವರಿದ್ದಾನೆ, ನೋಡ್ಕೋತಾನೆ ಅಂತ ಅಂದ್ಕೊಂಡಳು.

ಮೂರನೇದಕ್ಕೆ ಯಾರೋ ಜಾಣ, ಕಲ್ಲಿನ ಪೀಠ ತನ್ನಿ, ಕಲ್ಲಿಗೆ ಗೆದ್ದಲು ಹಿಡಿಯುತ್ತಾ, ಇಲಿ ಕಡಿಯುತ್ತಾ ಅಂದ. ಹೌದಲ್ಲ! ಅಂಗಳದಲ್ಲಿದ್ದ ಕರಿಕಲ್ಲಿನ ಪೀಠವನ್ನ ಹಾರೆ ಹಾಕಿ ಮೀಟಿ, ಒದ್ದೆ ಗೋಣಿ ಸುತ್ತಿ ಎಂಟು ಜನ ಹೊತ್ತು ತಂದು ಇಟ್ಟು, ಗೋಣಿ ಬಿಚ್ಚಿ ಒಂದು ತೆಳ್ಳನೆ ಪೀತಾಂಬರ ಹಾಸಿದರು. ದೊರೆ ಕೂತ. ಕಲ್ಲು ಅಲುಗಲಿಲ್ಲ. ದೊರೆ ನಕ್ಕ. ಜನ ನಕ್ಕರು. ಆಮೇಲೆ ದೊರೆಯ ನಗು ಒಂದು ಥರ ಆಯ್ತು. ಕಣ್ಣು ದೊಡ್ಡದಾಯ್ತು. ಅಯ್ಯಯ್ಯೋ ಅಂತ ಚಂಗನೆ ಮೇಲೆ ಹಾರಿದ ನೋಡು! ಬೆಳಗಿನಿಂದ ಉರಿಬಿಸಿಲಲ್ಲಿ ಕಾದ ಕಲ್ಲು ಕಣೇ ಅದು, ರೊಟ್ಟಿ ಹೆಂಚಿನ ಹಾಗೆ ಕಾದಿತ್ತು! ದೊರೆ ಎರಡೂ ಕೈ ಹಿಂದೆ ಹಿಡ್ಕೊಂಡು ಕುಣಿದಾಡ್ತಿದ್ದರೆ ನಗೋರು ಯಾರೂ ಇಲ್ಲ. ನೀನು ನಗ್ತೀಯ, ಆಗ ಯಾರಿಗೂ ನಗು ಬರಲಿಲ್ಲ. ಪಟ್ಟದ ದಿನ ಕೂರೋಕ್ಕೆ ಜಾಗವಿಲ್ಲದ ದೊರೆಯನ್ನ ಯಾರಾದರೂ ಕಂಡಿದ್ರಾ?

ಸಂಪಂಗಯ್ಯನಿಗೆ ಈಗ ನಿಜವಾಗಿ ಹೆದರಿಕೆ. ಮಾತು ಹಳೇ ಗದ್ದಿಗೆಯ ಕಡೆಗೆ ತಿರುಗಿಬಿಟ್ಟೀತು ಅಂತ. ಕಾಲಿಗೆ ಬಿದ್ದು, ಇನ್ನು ಒಂದೇ ದಾರಿ ಸ್ವಾಮಿ, ಹೊತ್ತು ತಿರುಗೋದ್ರೊಳಗೆ ಈ ಅಪಶಕುನದವನನ್ನ ಗುಡ್ಡದ ಕೋಡುಗಲ್ಲಿನಿಂದ ಕೆಳಕ್ಕೆ ತಳ್ಳಿಸಿ, ದೋಷ ಅವನ ಜೊತೆಗೇ ಹೋಗಲಿ ಅಂದ. ದೊರೆ ಹುಡುಗ, ಮೈಯೆಲ್ಲ ನೋವು, ತಲೆಯೆಲ್ಲ ಅವಮಾನ. ಹೂಂ ಅನ್ನಲಿಲ್ಲ, ಉಹೂಂ ಅಂತಲೂ ಅನ್ನಲಿಲ್ಲ. ಆಳುಗಳು ಅದನ್ನೇ ಹೂಂ ಅಂತ ತಿಳ್ಕೊಂಡು ಜಡೆಯಪ್ಪನನ್ನ ಎಳೆದರು.

ಆಗ ಮಾಳವ್ವನ ಹೊಟ್ಟೆಯೊಳಗೆ ಕೂಸು ಒದೀತಂತೆ. ಒಂದು ಕಡೆ ದೇವರ ಕಂಬಳಿ. ಅದಕ್ಕೆ ಮನುಷ್ಯರ ಮೈ ತಾಗಿದರೆ ಹರಕೆ ಮುರೀತು, ಹರಕೆ ಮುರಿದರೆ ಹೊಟ್ಟೆಯೊಳಗಿನದಕ್ಕೆ ಏನು ಗತಿಯೋ. ಇನ್ನೊಂದು ಕಡೆ ಗಂಡನ ಕಾಲು ಮಣ್ಣಿನಲ್ಲಿ ಗೆರೆ ಎಳೀತಾ ಕೋಡುಗಲ್ಲಿನ ಕಡೆಗೆ ಹೋಗ್ತಿದೆ. ಅವನು ತಿರುಗಿ ನೋಡಿದ. ಅವಳ ತಲೆ ಮೇಲಿನ ಗಂಟು ನೋಡಿ, ಬೇಡ ಅಂತ ಕಣ್ಣಲ್ಲೇ ಅಂದ.

ಮಾಳವ್ವ ನುಗ್ಗಿ ಬಂದು ದೊರೆಯ ಮುಂದೆ ನಿಂತು, ತಲೆ ಮೇಲಿನ ಗಂಟು ಇಳಿಸಿ, ಬಿಳೀ ಬಟ್ಟೆ ಬಿಚ್ಚಿದಳು. ಅಯ್ಯೋ ಮಾಳೀ, ದೇವರದು ಕಣೇ ಅಂತ ಹಾಲಜ್ಜ ಕಿರುಚಿಕೊಂಡ. ಅವಳಿಗೆ ಕೇಳಿಸಲಿಲ್ಲವೋ, ಕೇಳಿಸಿಯೂ ಕೇಳಿಸ್ಕೊಳ್ಳಲಿಲ್ಲವೋ. ಚಪ್ಪರದ ನೆರಳಲ್ಲಿ ನೆಲದ ಕಲ್ಲು ಆರಿಸಿ, ಸೆರಗಿನಿಂದ ಗುಡಿಸಿ, ಕಂಬಳಿಯನ್ನ ನಾಲ್ಕು ಮಡಿಕೆ ಮಾಡಿ, ಬಿಳೀ ದಡಿ ಮುಂದೆ ಬರೋ ಹಾಗೆ ಬರೀ ನೆಲದ ಮೇಲೆ ಹಾಸಿದಳು. ಆಮೇಲೆ ಅಂದಳಂತೆ, ಎತ್ತರಕ್ಕೆ ಹತ್ತಿ ಹತ್ತಿ ಸಾಕಾಗಲಿಲ್ವಾ ದೊರೆಯೇ, ಬಾ, ನೆಲದ ಮೇಲೆ ಕೂರು. ನೆಲದ ಮೇಲೆ ಕೂತೋನು ಬೀಳೋದಾದ್ರೂ ಎಲ್ಲಿಗೆ? ಇದನ್ನ ನೂತೋಳು ನಾನು, ನೇಯ್ದೋನು ನೀವು ಎಳಕೊಂಡು ಹೋಗ್ತಿರೋ ನನ್ನ ಗಂಡ. ಅವನಲ್ಲಿ ಶನಿ ಇದ್ದರೆ ಈ ಎಳೆಎಳೆಯಲ್ಲೂ ಇರಬೇಕು. ನಿನಗೇನಾದ್ರೂ ಆದರೆ ಕೋಡುಗಲ್ಲಿನಿಂದ ಒಬ್ಬನನ್ನ ಯಾಕೆ, ಮೂರೂ ಜನರನ್ನ ತಳ್ಳು. ಒಂದು ಇನ್ನೂ ಹೊಟ್ಟೆಯಲ್ಲೇ ಇದೆ.

ದೊರೆಯನ್ನ ನೆಲಕ್ಕೆ ಕೂರು ಅಂದಳು! ಅದೂ ಏಕವಚನದಲ್ಲಿ! ಆಳುಗಳು ಎಳೆಯೋದು ಬಿಟ್ಟು ನಿಂತುಬಿಟ್ಟರು. ಆನೆಯ ಕಿವಿ ಸಹ ಅಲುಗಲಿಲ್ಲವಂತೆ.

ಬಿಲ್ಲಪ್ಪ ನಾಯಕ ಅವಳ ಮುಖ ನೋಡಿದ, ಕಂಬಳಿ ನೋಡಿದ. ಆಮೇಲೆ ಏನು ಮಾಡಿದ ಗೊತ್ತಾ, ಯಾರೂ ಹೇಳದಿದ್ದರೂ ಜರಿಯ ಪಾದರಕ್ಷೆ ಬಿಟ್ಟ. ಬಿಟ್ಟು, ಮೆಲ್ಲಗೆ ಮಂಡಿ ಮಡಚಿ ಕೂತ. ಜನ ಉಸಿರು ಹಿಡಿದರು. ಕಾದರು. ಇನ್ನೂ ಕಾದರು.

ಏನೂ ಆಗಲಿಲ್ಲ.

ಅವತ್ತಿನ ಎಲ್ಲಾ ಆಶ್ಚರ್ಯಕ್ಕಿಂತ ದೊಡ್ಡ ಆಶ್ಚರ್ಯ ಅದೇ ನೋಡು. ಮುರೀಲಿಲ್ಲ, ಹರೀಲಿಲ್ಲ, ಸುಡಲಿಲ್ಲ. ದೊರೆಯ ಭುಜ ಇಳೀತು, ಉಸಿರು ಬಿಟ್ಟ. ಮೆತ್ತಗಿದೆಯಲ್ಲೇ ತಾಯಿ ಅಂದನಂತೆ, ಚಿಕ್ಕ ಹುಡುಗನ ಹಾಗೆ. ಜನ ಹೋ ಅಂತ ಕೂಗಿದರು.

ಆಮೇಲೆ ದೊರೆ ಒಂದು ಮಡಿಕೆ ಬಿಚ್ಚಿ, ಪಕ್ಕದಲ್ಲಿ ಜಾಗ ಮಾಡಿ, ಬನ್ನಿ ಪಾರುಪತ್ತೇಗಾರರೇ, ನೀವೂ ಕೂತು ಇನ್ನೊಂದು ಸಲ ಹೇಳಿ, ಗದ್ದಿಗೆ ಯಾಕೆ ಮುರೀತು ಅಂದ. ಸಂಪಂಗಯ್ಯ ಬಂದ, ಕೂರಲಾರದೆ ಕೂತ, ಅದೇ ಕರಿ ಕಂಬಳಿ, ಅದೇ ದೃಷ್ಟಿ, ಅದೇ ಶನಿ ಅಂತ ಶುರು ಮಾಡಿದ. ಮಧ್ಯಾಹ್ನದ ಸೆಕೆ, ಮೈ ಬೆವರಿತು. ಬೆವರಿದ್ದೇ ತಡ, ಲವಂಗ, ಪಚ್ಚಕರ್ಪೂರದ ವಾಸನೆ ಘಮ್ಮಂತ ಎದ್ದಿತು. ದೊರೆ ಮೂಗರಳಿಸಿದ. ಇನ್ನೂ ಹತ್ತಿರ ಬಂದ. ಸಂಪಂಗಯ್ಯ ಗಾಬರಿಯಾಗಿ ಎದ್ದು ನಿಂತ ನೋಡು, ಅಯ್ಯಯ್ಯಪ್ಪಾ! ಗಂಜಿ ಕಾಣದ ಎಳೇ ಉಣ್ಣೆ, ಅವನ ಮೈ ತುಂಬ ಅಂಟಂಟು ಎಣ್ಣೆ. ಸೊಂಟದಿಂದ ಕೆಳಗೆ, ಅಂಗೈಗೆ, ಬೆವರು ಒರೆಸಿಕೊಂಡ ಮುಖಕ್ಕೆ, ಎಲ್ಲೆಲ್ಲೂ ಕರೀ ಉಣ್ಣೆ ಮೆತ್ತಿಕೊಂಡು ಥೇಟು ಕಂಬಳಿಹುಳ! ದೊರೆಯ ಮೈಗೆ ಅಂಟಿದ್ದು ನಾಲ್ಕು ಎಳೆ, ಇವನ ಮೈಗೆ ಅರ್ಧ ಕುರಿ.

ದೊರೆ ನಗಲಿಲ್ಲ. ಮೆಲ್ಲಗೆ ಅಂದ, ನಮ್ಮ ತಾತ ನನ್ನನ್ನ ತೊಡೆ ಮೇಲೆ ಕೂರಿಸ್ಕೊಳ್ತಿದ್ದಾಗ ಗದ್ದಿಗೆ ಇದೇ ವಾಸನೆ ಬರ್ತಿತ್ತು. ಗೆದ್ದಲು ಬರಬಾರದು ಅಂತ ಲವಂಗ, ಪಚ್ಚಕರ್ಪೂರ ಕುದಿಸಿ ಗದ್ದಿಗೆಗೆ ಅಂತಲೇ ಕಾಯಿಸೋ ಹರಳೆಣ್ಣೆ. ಇವತ್ತು ಕೂರೋಕ್ಕೆ ಮೊದಲು ಮೂಸಿ ನೋಡಿದೆ, ತಾತನ ವಾಸನೆ ಇರಲಿಲ್ಲ. ಅದು ನಿಮ್ಮ ಮೈಗೆ ಹೆಂಗೆ ಬಂತು ಸಂಪಂಗಯ್ಯಾ?

ಕಂಬಳಿಹುಳ ಕೈ ಮುಗಿದು ನಿಂತಿತು! ಮೊದಲು ಒಂದಿಷ್ಟು ಮಂಡಿನೋವಿಗೆ ಅಂತ ತಗೊಂಡೆ ಸ್ವಾಮಿ, ಆಮೇಲೆ ಮೈಗೆ ಹಿತ ಅನ್ನಿಸ್ತು, ಆಮೇಲೆ ನನ್ನ ಹೆಂಡತಿಗೂ ಕೂದಲಿಗೆ ಒಗ್ಗಿತು ಅಂತ ತೊದಲಿದ. ತಪ್ಪನ್ನ ಯಾರ ಮೇಲಾದ್ರೂ ಹಾಕಬೇಕಿತ್ತು, ಕಣ್ಣಿಗೆ ಬಿದ್ದೋನು ಜಡೆಯಪ್ಪ. ಅಷ್ಟಕ್ಕೆ ಒಂದು ಜೀವ ಹೋಗೋದರಲ್ಲಿತ್ತಲ್ಲ ಅಂತ ಜನಕ್ಕೆ ಆಗ ಹೊಳೀತು. ಹೌದೌದು ಅಂದಿದ್ದೋರೆಲ್ಲ ನೆಲ ನೋಡಿದರು. ದೊರೆ ತಾನೇ ಎದ್ದು ಹೋಗಿ ಜಡೆಯಪ್ಪನ ಕಟ್ಟು ಬಿಚ್ಚಿದ. ಸಂಪಂಗಯ್ಯನಿಗೆ, ಜಡೆಯಪ್ಪನ ಹಿಂಡಿನ ಜೊತೆ ವರ್ಷವೆಲ್ಲ ಕುರಿ ಕಾಯಿ, ಕಂಬಳಿ ಹೊದ್ದು ಮಲಗು ಅಂತ ಅಪ್ಪಣೆ. ಕುರಿಗಳಿಗೆ ಮಾತ್ರ ಪಾಪ, ಆ ವಾಸನೆಗೆ ತಿಂಗಳು ಪೂರಾ ಸೀನು.

ಗಂಡ ಬಂದು ಪಕ್ಕ ನಿಂತರೂ ಮಾಳವ್ವನ ಭಯ ಮಾತ್ರ ಹೋಗಲಿಲ್ಲ. ದೇವರ ಕಂಬಳಿಯ ಮೇಲೆ ಇಬ್ಬರು ಕೂತೆದ್ದಾಯ್ತು, ಎಣ್ಣೆ ಕಲೆಯಾಯ್ತು. ಯಾರಿಗೂ ಮುಖ ತೋರಿಸದೆ ಹೊಟ್ಟೆ ಮೇಲೆ ಕೈ ಇಟ್ಕೊಂಡು ಕೂತಿದ್ದಳು. ಹಾಲಜ್ಜ, ಇದನ್ನ ಹೆಂಗವ್ವಾ ಸ್ವಾಮಿಗೆ ಒಪ್ಪಿಸಲಿ ಅಂದ. ದೊರೆಗೆ ಆಗ ತಿಳೀತು ಅದು ಯಾರ ಕಂಬಳಿ ಅಂತ. ಕಂಬಳಿಯನ್ನ ಎತ್ತಿ, ಕೊಡವಿ, ಮಡಚಿ, ಕಿರೀಟ ತೆಗೆದು ಕೈಲಿ ಹಿಡ್ಕೊಂಡು, ಅದೇ ತಲೆ ಮೇಲೆ ಕಂಬಳಿ ಹೊತ್ತು, ಬರಿಗಾಲಲ್ಲಿ ಗುಡಿಗೆ ನಡೆದ. ಹಿಂದೆ ಮಾಳವ್ವ, ಜಡೆಯಪ್ಪ, ಅವರ ಹಿಂದೆ ಊರು.

ಹಾಲಜ್ಜ ಬೀರದೇವರನ್ನ ಎತ್ತಿ, ಕೆಳಗೆ ಕಂಬಳಿ ಹಾಸಿ, ದೇವರನ್ನ ಕೂರಿಸಿ, ತಲೆ ಮೇಲೆ ಒಂದು ಕಣಗಿಲೆ ಹೂ ಇಟ್ಟ. ಒಪ್ಪಿಗೆ ಇದ್ದರೆ ಬಲಕ್ಕೆ ಕೊಡಪ್ಪಾ, ಮುನಿದಿದ್ದರೆ ಎಡಕ್ಕೆ ಕೊಡು ಅಂದ. ಮಾಳವ್ವ ಕಣ್ಣು ಮುಚ್ಚಿಕೊಂಡಳು. ಹೂ ಅಲುಗಲಿಲ್ಲ. ದೀಪ ಅಲುಗಿತು, ಹೂ ಅಲುಗಲಿಲ್ಲ. ಅವಳು ಮನಸ್ಸಿನಲ್ಲೇ ಅಂದ್ಕೊಂಡಳಂತೆ, ಅಪ್ಪಾ, ಒಬ್ಬನ ಜೀವ ಉಳಿಸೋಕ್ಕೆ ನಿನ್ನ ಹಾಸಿಗೆ ಎರವಲು ತಗೊಂಡೆ, ನೀನೇ ಅಲ್ಲಿದ್ದಿದ್ರೆ ಎದ್ದು ಜಾಗ ಕೊಡ್ತಿರಲಿಲ್ವಾ?

ಹೂ ಬಿತ್ತು. ಬಲಕ್ಕೆ. ಬಿದ್ದು, ಜಾರಿ, ಕಂಬಳಿಯ ಬಿಳೀ ದಡಿಯ ಮೇಲೆ ಬಂದು ನಿಂತಿತು.

ಹಾಲಜ್ಜ ಎರಡು ಗಳಿಗೆ ಅತ್ತು, ಆಮೇಲೆ ಎದ್ದು ನಿಂತು ಅಂದ, ದೊರೆ ಕೂತ ಜಾಗದಲ್ಲೇ ದೇವರು ಕೂತ, ದೇವರು ಕೂತ ಜಾಗದಲ್ಲಿ ಸುಳ್ಳು ಕೂರಲಾರದೆ ಎದ್ದಿತು. ಇನ್ನುಮೇಲೆ ಯಾವ ಮನೆಯಲ್ಲಿ ನಾಲ್ಕು ಮಡಿಕೆ ಹಾಸಿದರೂ ಅದನ್ನ ಕಂಬಳಿ ಅನ್ನಬೇಡ್ರಪ್ಪಾ, ಗದ್ದಿಗೆ ಅನ್ನಿ. ಚಪ್ಪಲಿ ಬಿಟ್ಟು ಬನ್ನಿ, ಸುಳ್ಳೂ ಬಿಟ್ಟು ಬನ್ನಿ. ಅವತ್ತಿನಿಂದ ನೋಡು, ಹೆಣ್ಣು ನೋಡೋ ಮಾತಿರಲಿ, ಪಾಲು ಪಂಚಾಯ್ತಿ ಇರಲಿ, ಕಂಬಳಿ ಹಾಸಿದ ಮೇಲೆಯೇ ಮಾತು. ಗೊತ್ತಾಯ್ತಾ ತಾತ ಯಾಕೆ ಕೂಗಿದ್ರು ಅಂತ?

ಆಮೇಲೆ ಮಾಳವ್ವನಿಗೆ ಗುಂಡುಗುಂಡಗೆ ಹೆಣ್ಣುಕೂಸು ಹುಟ್ಟಿತು, ದೊರೆಯೇ ತೊಟ್ಟಿಲು ಕಳಿಸಿದ, ಗೆದ್ದಲು ಇದೆಯಾ ಅಂತ ಮಾಳವ್ವ ನಾಲ್ಕೂ ಕಾಲು ತಟ್ಟಿ ನೋಡಿ ಇಸ್ಕೊಂಡಳಂತೆ. ಜಡೆಯಪ್ಪ ಅಪ್ಪನ ಕಂ‌ಬಳಿಯಂಥದ್ದೇ ಇನ್ನೊಂದು ನೇಯ್ದ. ಅವತ್ತು ಆದದ್ದೇ ವರ್ಷವೆಲ್ಲ ಆಗಬೇಕಲ್ಲ, ಹಾಗೇ ಆಯ್ತು. ದೊರೆ ವರ್ಷವೆಲ್ಲ ನೆಲದ ಮೇಲೆ, ಕಂಬಳಿಯ ಮೇಲೆ ಕೂತೇ ನ್ಯಾಯ ಹೇಳಿದ, ವರ್ಷ ಕಳೆದ ಮೇಲೆ ಹೊಸ ಬೆಳ್ಳಿ ಗದ್ದಿಗೆ ಬಂದರೂ ಹತ್ತಲೇ ಇಲ್ಲ. ಅವರು ಅಲ್ಲಿ ಚೆಂದ, ನಾವು ಇಲ್ಲಿ ಚೆಂದ.

ನಿದ್ದೆ ಬಂತಾ? ಬೆಲ್ಲದ ಚೂರು ತಗೊಂಡು ಮಲಗು ಮತ್ತೆ, ಕತೆಯನ್ನೂ ನಾಲ್ಕು ಮಡಿಕೆ ಮಡಚಿ ದಿಂಬಿನ ಕೆಳಗೆ ಇಟ್ಟಾಯ್ತು. ಇದೆಲ್ಲಾ ಆದದ್ದು ಯಾವತ್ತು ಗೊತ್ತಾ, ಯುಗಾದಿಯ ಮಾರನೇ ದಿನ, ವರ್ಸತೊಡಕಿನ ಸೋಮವಾರ.